ಎರಡು ಬಣ್ಣಕ್ಕೆ ಒಗ್ಗದ ಕೋಟೆ

ಯುದ್ಧದ ಸಿನಿಮಾಕ್ಕೆ ಎರಡು ಪಕ್ಷಗಳು ಬೇಕು. ನಮ್ಮವರು ಯಾರು, ಶತ್ರುಗಳು ಯಾರು ಎಂಬುದು ಉಡುಪಿನಿಂದಲೇ, ಗಡ್ಡದಿಂದಲೇ ಗೊತ್ತಾಗಬೇಕು. ನಿಜವಾಗಿ ನಡೆದ ಯುದ್ಧಗಳು ಹಾಗಿದ್ದವೆ?

ಬ್ಯಾಕೋಡಿನವರಾದ ನಮಗೆ ಪಕ್ಕದ ಹೊಸನಗರ ತಾಲ್ಲೂಕಿನ ನಗರ ಕೋಟೆ ಹೊಸದಲ್ಲ. ಅದು ಹಿಂದಿನ ಬಿದನೂರು, ಕೆಳದಿ ಅರಸರ ರಾಜಧಾನಿ. 1763ರಲ್ಲಿ ಹೈದರಾಲಿ ಅದನ್ನು ಗೆದ್ದು, ರಾಣಿ ವೀರಮ್ಮಾಜಿಯನ್ನು ಮಧುಗಿರಿಯಲ್ಲಿ ಸೆರೆಯಿಟ್ಟ. ಅವನಿಗೆ ಕೋಟೆಯ ಗುಟ್ಟಿನ ದಾರಿ ತೋರಿಸಿದವನು ಕೆಳದಿಯದೇ ಮಾಜಿ ಮಂತ್ರಿ ಎಂದು ಇತಿಹಾಸಕಾರ ವಿಲ್ಕ್ಸ್ ಬರೆದಿದ್ದಾನೆ. ಇಪ್ಪತ್ತು ವರ್ಷಗಳ ನಂತರ, 1783ರ ಜನವರಿಯಲ್ಲಿ, ಅದೇ ಕೋಟೆಯನ್ನು ಇಂಗ್ಲಿಷ್ ಜನರಲ್ ಮ್ಯಾಥ್ಯೂಸ್‌ಗೆ ಒಪ್ಪಿಸಿದವನು ಹೈದರನೇ ಸಾಕಿ ಬೆಳೆಸಿದ್ದ ಅಧಿಕಾರಿ ಅಯಾಜ್. ಕೆಲವೇ ತಿಂಗಳಲ್ಲಿ ಟಿಪ್ಪು ಅದನ್ನು ಮರಳಿ ಪಡೆದ. ಈ ಕಥೆಯಲ್ಲಿ ಧರ್ಮದ ಲೆಕ್ಕ ಹಿಡಿದು ದ್ರೋಹಿಯನ್ನು ಹುಡುಕುವುದು ಹೇಗೆ?

ಹಾಗಾದರೆ ಸಿನಿಮಾದಲ್ಲಿ ಕಲ್ಪನೆ ಬೇಡವೆ? ಖಂಡಿತ ಬೇಕು. ಕೋಟೆ ಬಿದ್ದ ರಾತ್ರಿ ವೀರಮ್ಮಾಜಿಯ ಮನಸ್ಸಿನಲ್ಲಿ ಏನಿತ್ತೆಂದು ಯಾವ ದಾಖಲೆಯೂ ಹೇಳಲಾರದು. ಕಥೆ ಬರೆಯುವವರ ಕೆಲಸ ಅಲ್ಲಿಂದಲೇ ಶುರು. ಆದರೆ ಇಲ್ಲದ ಕೊಲೆಗಾರರನ್ನು ಸೃಷ್ಟಿಸಿ ಅವರಿಗೆ ಒಂದು ಜಾತಿಯ ಹೆಸರು ಕೊಡುವುದು ಕಲ್ಪನೆಯಲ್ಲ.

1799ರ ಮೇ 4ರಂದು ಟಿಪ್ಪು ಶ್ರೀರಂಗಪಟ್ಟಣದಲ್ಲಿ ಇಂಗ್ಲಿಷ್ ಸೈನ್ಯದೊಡನೆ ಹೋರಾಡುತ್ತ ಸತ್ತ. 2023ರ ಮಾರ್ಚ್‌ನಲ್ಲಿ, ಚುನಾವಣೆಯ ಹೊಸ್ತಿಲಲ್ಲಿ, ಅವನನ್ನು ಕೊಂದವರು ಉರಿಗೌಡ, ನಂಜೇಗೌಡ ಎಂಬ ಮಾತು ಎದ್ದಿತು. ಆಗ ಸಚಿವರಾಗಿದ್ದ ನಿರ್ಮಾಪಕ ಮುನಿರತ್ನ ಆ ಹೆಸರುಗಳ ಮೇಲೆ ಸಿನಿಮಾ ಘೋಷಿಸಿದರು. ಆದಿಚುಂಚನಗಿರಿಯ ನಿರ್ಮಲಾನಂದನಾಥ ಸ್ವಾಮೀಜಿ ಅವರನ್ನು ಕರೆದು ಮಾತಾಡಿದ ಮೇಲೆ ಅದನ್ನು ಕೈಬಿಟ್ಟರು. ಇಂತಹ ಮಾತಿಗೆ ದಾಖಲೆ ಬೇಕೆಂದು ಸ್ವಾಮೀಜಿ ಬಹಿರಂಗವಾಗಿಯೇ ಹೇಳಿದರು. ತಮ್ಮ ಸಮುದಾಯಕ್ಕೆ ಬಂದ ಸುಳ್ಳು ಕೀರ್ತಿಯನ್ನು ಬೇಡವೆನ್ನುವುದು ಸಣ್ಣ ಮಾತಲ್ಲ.

ಇದೇ ಅಳತೆಗೋಲು ನಮಗೂ ಅನ್ವಯಿಸಬೇಕು. 1990ರಲ್ಲಿ ದೂರದರ್ಶನದಲ್ಲಿ ಬಂದ ಸಂಜಯ್ ಖಾನ್ ಅವರ ಟಿಪ್ಪು ಧಾರಾವಾಹಿ ಒಂದು ಕಾದಂಬರಿಯನ್ನು ಆಧರಿಸಿತ್ತು. ಇದು ಕಾಲ್ಪನಿಕ ಎಂಬ ಸೂಚನೆಯನ್ನೂ ಹಾಕಲಾಗಿತ್ತು. ಆದರೂ ನಮ್ಮಲ್ಲಿ ಎಷ್ಟೋ ಜನ ಅದನ್ನೇ ಇತಿಹಾಸವೆಂದು ನಂಬಿದರು. ತಪ್ಪೇ ಮಾಡದ ದೊರೆಯೂ ಕಟ್ಟುಕಥೆಯೇ ಅಲ್ಲವೆ?

ಹೈದರನಿಗೂ ವೀರಮ್ಮಾಜಿಗೂ ಈಗ ಸಿನಿಮಾದಿಂದ ಲಾಭವೂ ಇಲ್ಲ, ನಷ್ಟವೂ ಇಲ್ಲ. ತೆರೆಯ ಮೇಲಿನ ಸುಳ್ಳಿಗೆ ಉತ್ತರ ಕೊಡಬೇಕಾದವನು ಅದೇ ಟಾಕೀಸಿನಲ್ಲಿ ಟಿಕೆಟ್ ಕೊಂಡು ನಮ್ಮ ಪಕ್ಕದಲ್ಲೇ ಕುಳಿತ ನೆರೆಮನೆಯವನು. ಅವನು ಹಿಂದೂವಾದರೂ ಸರಿ, ಮುಸ್ಲಿಮನಾದರೂ ಸರಿ.