ಗೇಲಿಗೆ ನಿಂತವರು

ನಗಿಸುವುದು ದೊಡ್ಡ ವಿದ್ಯೆಯೆಂದು ಎಲ್ಲರೂ ಒಪ್ಪುತ್ತಾರೆ. ನಗುವಿಗೆ ಗುರಿಯಾಗಿ ನಿಲ್ಲುವುದು? ಸಿಂದಗಿ, ಮುದ್ದೇಬಿಹಾಳಗಳ ಕಡೆ ಜಾತ್ರೆಗೆ ಬರುವ ನಾಟಕ ಕಂಪೆನಿಗಳನ್ನು ಕಂಡವರು ಬಲ್ಲರು: ಚಪ್ಪಾಳೆಯೆಲ್ಲ ಹಾಸ್ಯಗಾರನಿಗೆ, ಅವನ ಮಾತು ತಾಗುವಂತೆ ಸರಿಯಾದ ಗಳಿಗೆಯಲ್ಲಿ ಮುಖ ಗಂಟಿಕ್ಕಿದ ಹೆಂಗಸು ಯಾರೆಂದು ಕೇಳುವವರಿಲ್ಲ.

ಅಪರ್ಣಾ ಅವರನ್ನು ನೆನೆದಾಗ ಈ ಪ್ರಶ್ನೆ ನನ್ನನ್ನು ಕಾಡುತ್ತದೆ. ಪುಟ್ಟಣ್ಣ ಕಣಗಾಲರ ಕೊನೆಯ ಚಿತ್ರ ‘ಮಸಣದ ಹೂವು’ವಿನಲ್ಲಿ ಬಣ್ಣ ಹಚ್ಚಿದವರು, ಅಚ್ಚ ಕನ್ನಡದ ನಿರೂಪಣೆಗೆ ಹೆಸರಾದವರು. 2015ರಲ್ಲಿ ಆರಂಭವಾದ ಕಿರುತೆರೆಯ ‘ಮಜಾ ಟಾಕೀಸ್’ನಲ್ಲಿ ವರಲಕ್ಷ್ಮಿಯಾದರು. ಬಿಂಕದ ಮಾತಾಡಿ ಎಲ್ಲರಿಂದ ಗೇಲಿ ಮಾಡಿಸಿಕೊಳ್ಳುವ ಪಾತ್ರ. ಬೆಂಗಳೂರಿನ ಮೆಟ್ರೊದಲ್ಲಿ ಮುಂದಿನ ನಿಲ್ದಾಣ ಯಾವುದೆಂದು ಹೇಳಿದ ಕನ್ನಡದ ದನಿಯೂ ಅವರದೇ. ವಿಚಿತ್ರ ನೋಡಿ: ಅಲ್ಲಿ ಮುಖವಿಲ್ಲದ ದನಿ, ಮೆಟ್ರೊ ಇಲ್ಲದ ಇಂಡಿಯಲ್ಲಿ ಸ್ವಂತ ಹೆಸರಿಲ್ಲದ ಮುಖ, ಬರೀ ‘ವರಲಕ್ಷ್ಮಿ’. 2024ರ ಜುಲೈ 11ರಂದು ಅವರು ತೀರಿಕೊಂಡಾಗಲೇ ಎಷ್ಟೋ ಜನ ಎರಡೂ ಒಬ್ಬರದೆಂದು ಅರಿತಿರಬೇಕು.

ಇದು ಅನ್ಯಾಯವೆ? ಬಸವನ ಬಾಗೇವಾಡಿಯ ನೆಲದಲ್ಲಿ ಹುಟ್ಟಿದ ಬಸವಣ್ಣನವರ ಕಾಯಕದ ಮಾತೆತ್ತಿ, ಕೆಲಸ ಮುಖ್ಯ, ಹೆಸರೇಕೆ ಎನ್ನುವವರುಂಟು. ನನಗಂತೂ ಒಪ್ಪಿಗೆಯಿಲ್ಲ. ಹಗ್ಗ ಹೊಸೆದವನನ್ನು ನುಲಿಯ ಚಂದಯ್ಯನೆಂದೂ ಅಕ್ಕಿ ಆಯ್ದ ಮನೆಯವಳನ್ನು ಆಯ್ದಕ್ಕಿ ಲಕ್ಕಮ್ಮನೆಂದೂ, ಕಾಯಕದ ಜೊತೆಗೇ ಹೆಸರನ್ನೂ ಉಳಿಸಿಕೊಂಡ ಪರಂಪರೆಯದು. ಹೆಸರು ಬೇಡವೆನ್ನುವುದಾದರೆ ದುಡಿದವರು ಅನ್ನಲಿ; ಕೂತು ನಕ್ಕ ನಾವು ಅನ್ನುವುದು ಹೇಗೆ? ‘ಆಕೆಯ ಹೆಸರೇನೋ ಇತ್ತಲ್ಲ’ ಎಂದು ತಲೆ ಕೆರೆದುಕೊಳ್ಳುವವರೇ ಗೇಲಿ ಮಾಡಿದವನ ಹೆಸರನ್ನು ತಡವರಿಸದೆ ಹೇಳುತ್ತಾರೆ.