ನಡೆಯದ ಸಮಾರಂಭದ ಬಾಬ್ತು

ಕ್ರೀಡಾಕೂಟವೊಂದು ಸಾಂಗವಾಗಿ ನಡೆದರೆ ಅದನ್ನು ನಡೆಸಿದವರು ಯಾರೆಂದು ಯಾರೂ ಕೇಳುವುದಿಲ್ಲ. ಎಡವಟ್ಟಾದರೆ ಮಾತ್ರ ಹುಡುಕಿಕೊಂಡು ಬರುತ್ತಾರೆ. ನಾನಿಲ್ಲಿ ಹೇಳಹೊರಟಿರುವ ಜರ್ಮನ್ ಸಂಘಟಕರು ಸುಮಾರು ನಾಲ್ಕು ದಶಕ ಹಾಗೆ ತೆರೆಮರೆಯಲ್ಲೇ ದುಡಿದವರು. ಅವರ ಹೆಸರನ್ನಾಗಲಿ, ಅವರಿದ್ದ ಸಂಸ್ಥೆಗಳ ಹೆಸರನ್ನಾಗಲಿ ಬರೆಯುವುದಿಲ್ಲ. ಹೆಸರು ಸಿಕ್ಕರೆ ತಪ್ಪೆಲ್ಲವನ್ನೂ ಅದರ ತಲೆಗೆ ಕಟ್ಟಿ ನಾವು ನಿರಾಳವಾಗಿಬಿಡುತ್ತೇವೆ.

1941ರಲ್ಲಿ ಹುಟ್ಟಿದ ಅವರು ಮೂವತ್ತರ ಆಸುಪಾಸಿನಲ್ಲಿ ಮ್ಯೂನಿಕ್ ಒಲಿಂಪಿಕ್ಸ್‌ನ ಸಂಘಟನೆಗೆ ಸೇರಿದರು. ಯುದ್ಧದ ಕಳಂಕ ತೊಳೆದುಕೊಂಡು ನಗುಮುಖದ ಜರ್ಮನಿಯನ್ನು ತೋರಿಸಬೇಕೆಂಬುದು 1972ರ ಆ ಕೂಟದ ಹಂಬಲ. ತಿಳಿನೀಲಿ ಸಮವಸ್ತ್ರದ ಕಾವಲುಗಾರರ ಬಳಿ ಬಂದೂಕು ಇರಲಿಲ್ಲ. ಸೆಪ್ಟೆಂಬರ್ 5ರ ನಸುಕಿನಲ್ಲಿ ಬೇಲಿ ಹತ್ತಿ ಒಳಬಂದವರು ಇಸ್ರೇಲಿನ 11 ಮಂದಿಯ ಸಾವಿಗೆ ಕಾರಣರಾದರು. ಎರಡು ವರ್ಷದ ಬಳಿಕ ಅದೇ ದೇಶದಲ್ಲಿ ವಿಶ್ವಕಪ್ ಫುಟ್‌ಬಾಲ್ ನಡೆಯಿತು. ಅದರ ಸಂಘಟನೆಯಲ್ಲೂ ಅವರಿದ್ದರು. ಫ್ರಾಂಕ್‌ಫರ್ಟ್‌ನಲ್ಲಿ ಪೋಲೆಂಡಿನೊಡನೆ ನಿರ್ಣಾಯಕ ಪಂದ್ಯದ ದಿನ ಮಳೆ ಸುರಿದು ಅಂಗಳ ಕೆರೆಯಂತಾಯಿತು. ಅಗ್ನಿಶಾಮಕದವರು ಪಂಪು ಹಚ್ಚಿ, ಉರುಳೆ ಎಳೆದು ನೀರು ಹೊರಹಾಕಿದರು. ಪಂದ್ಯ ತಡವಾಗಿಯಾದರೂ ನಡೆಯಿತು. ಏನೇ ಆಗಲಿ, ಪಂದ್ಯ ನಡೆಯಲೇಬೇಕು. ಈ ವೃತ್ತಿಯ ಮೊದಲ ಪಾಠ ಅದು. ಅದರಲ್ಲಿ ದೊಡ್ಡ ಗುಣವೂ ಇದೆ, ದೊಡ್ಡ ಅಪಾಯವೂ ಇದೆ.

ಮುಂದಿನದು ಏರುಹಾದಿ. 1992ರಲ್ಲಿ ದೇಶದ ಫುಟ್‌ಬಾಲ್ ಒಕ್ಕೂಟದ ಪ್ರಧಾನ ಕಾರ್ಯದರ್ಶಿಯಾದರು. 2000ದ ಜುಲೈ 6ರಂದು ಜ್ಯೂರಿಕ್‌ನಲ್ಲಿ 12–11 ಮತಗಳಿಂದ 2006ರ ವಿಶ್ವಕಪ್ ಜರ್ಮನಿಗೆ ಸಿಕ್ಕಾಗ ಸಂಘಟನಾ ಸಮಿತಿಯ ಉಪಾಧ್ಯಕ್ಷರಲ್ಲೊಬ್ಬರಾದರು. 12 ನಗರ, 32 ತಂಡ, 64 ಪಂದ್ಯ, ಒಂದು ತಿಂಗಳು. ಟಿಕೆಟ್ ಸಿಗದ ಲಕ್ಷಾಂತರ ಜನ ಬರ್ಲಿನ್‌ನ ಬೀದಿಯಲ್ಲಿ ದೊಡ್ಡ ಪರದೆಯ ಮುಂದೆ ನಿಂತು ಆಟ ನೋಡಿದರು. ತಮ್ಮ ಬಾವುಟವನ್ನು ಹಿಡಿಯಲು ಅರ್ಧ ಶತಮಾನ ಸಂಕೋಚಪಟ್ಟ ಜನ ಆ ಬೇಸಿಗೆಯಲ್ಲಿ ಅದನ್ನು ಕಾರಿಗೆ, ಕೆನ್ನೆಗೆ ಹಚ್ಚಿಕೊಂಡರು. ಆ ಬೇಸಿಗೆಯನ್ನು ಇಂದಿಗೂ ಅಲ್ಲಿಯ ಜನ ಕಥೆಯೆಂಬಂತೆ ನೆನೆಯುತ್ತಾರೆ. ಅದರ ಹಿಂದಿನ ಚಾಕರಿಯಲ್ಲಿ ಇವರ ಪಾಲು ಸಣ್ಣದಲ್ಲ. ಇದನ್ನು ಮೊದಲು ಒಪ್ಪಿಕೊಂಡೇ ಮುಂದಿನದನ್ನು ಹೇಳಬೇಕು.

2002ರಲ್ಲಿ 1 ಕೋಟಿ ಸ್ವಿಸ್ ಫ್ರಾಂಕ್ ಒಂದು ವಕೀಲರ ಕಚೇರಿಯ ಖಾತೆಯ ಮೂಲಕ ಕತಾರ್ ಸೇರಿತು. ತಲುಪಿದ್ದು ವಿಶ್ವ ಫುಟ್‌ಬಾಲ್ ಆಡಳಿತದ ಅಂದಿನ ಹಿರಿಯ ಪದಾಧಿಕಾರಿಯೊಬ್ಬರಿಗೆ ಸೇರಿದ ಕಂಪನಿಗೆ. ಹಣ ಒದಗಿಸಿದ್ದು ಸಂಘಟನಾ ಸಮಿತಿಯ ಜನಪ್ರಿಯ ಅಧ್ಯಕ್ಷರು ಮತ್ತು ಅವರ ಪರವಾಗಿ ಸಾಲ ಕೊಟ್ಟ ಒಬ್ಬ ಸಿರಿವಂತ ಉದ್ಯಮಿ. ಜಾಗತಿಕ ಆಡಳಿತದಿಂದ ಬರಬೇಕಿದ್ದ 25 ಕೋಟಿ ಫ್ರಾಂಕ್ ಅನುದಾನಕ್ಕೆ ಈ 1 ಕೋಟಿ ಷರತ್ತಾಗಿತ್ತೆಂದು ಸಂಘಟಕರು ಆಮೇಲೆ ವಿವರಣೆ ಕೊಟ್ಟರು. ಇರಲಿ. ಸಾಲ ಕೊಟ್ಟವರು ಹಣ ವಾಪಸ್ ಕೇಳಿದರು. ಕೊಡುವುದು ಹೇಗೆ? ಸಮಿತಿಯ ಲೆಕ್ಕದಲ್ಲಿ ಅಂಥ ಸಾಲವೇ ಇರಲಿಲ್ಲ.

ಇಲ್ಲಿ ತೆಗೆದುಕೊಂಡ ನಿರ್ಧಾರವೇ ಈ ಪ್ರಕರಣದ ತಿರುಳು. 2005ರ ಏಪ್ರಿಲ್‌ನಲ್ಲಿ 67 ಲಕ್ಷ ಯೂರೊ ಜಾಗತಿಕ ಸಂಸ್ಥೆಯ ಖಾತೆಗೆ ಹೋಯಿತು. ಬಾಬ್ತು: ವಿಶ್ವಕಪ್ ಉದ್ಘಾಟನೆಗೆ ಮುಂಚೆ ಬರ್ಲಿನ್ ಕ್ರೀಡಾಂಗಣದಲ್ಲಿ ನಡೆಯಲಿದ್ದ ಸಾಂಸ್ಕೃತಿಕ ಸಮಾರಂಭಕ್ಕೆ ವಂತಿಗೆ. ಅಲ್ಲಿಂದ ಆ ಹಣ ಅದೇ ದಿನ ಸಾಲ ಕೊಟ್ಟವರ ಕೈ ಸೇರಿತು. ಮರುವರ್ಷ ಜನವರಿಯಲ್ಲಿ ಸಮಾರಂಭವೇ ರದ್ದಾಯಿತು; ಅಷ್ಟು ಜನ ತುಳಿದರೆ ಪಂದ್ಯದ ಹೊತ್ತಿಗೆ ಹುಲ್ಲು ಚೇತರಿಸಿಕೊಳ್ಳದು ಎಂಬುದು ಕೊಟ್ಟ ಕಾರಣ. ಹಾಗೆಂದು ಸಮಾರಂಭ ನಿಂತದ್ದರಿಂದ ಲೆಕ್ಕ ಸುಳ್ಳಾಯಿತೆಂದು ತಿಳಿಯಬಾರದು. ಅದು ವಿಜೃಂಭಣೆಯಿಂದ ನಡೆದಿದ್ದರೂ ಆ ಲೆಕ್ಕ ಸುಳ್ಳೇ. ತೆರಿಗೆ ವಿವರದಲ್ಲೂ ಅದು ವಿಶ್ವಕಪ್ ನಡೆಸಿದ ಖರ್ಚೆಂದೇ ಹೋಯಿತು.

ನಮ್ಮ ಸಂಘಟಕರು 2007ರಲ್ಲಿ ಕಾರ್ಯದರ್ಶಿ ಹುದ್ದೆ ಬಿಟ್ಟು ಅದೇ ಒಕ್ಕೂಟದ ಖಜಾಂಚಿಯಾದರು. ದಕ್ಷಿಣ ಆಫ್ರಿಕದ 2010ರ ವಿಶ್ವಕಪ್‌ಗೂ ಸಲಹೆ ನೀಡಿದರು. 2013ರಲ್ಲಿ ಗೌರವದಿಂದ ನಿವೃತ್ತರಾದರು.

2015ರ ಅಕ್ಟೋಬರ್‌ನಲ್ಲಿ ಒಂದು ವಾರಪತ್ರಿಕೆ ಈ ಹಣದ ಜಾಡನ್ನು ಬಯಲಿಗೆಳೆಯಿತು. ಒಂದು ತಿಂಗಳೊಳಗೆ ಒಕ್ಕೂಟದ ಅಧ್ಯಕ್ಷರು ರಾಜೀನಾಮೆ ಕೊಟ್ಟರು. ಒಕ್ಕೂಟವೇ ನೇಮಿಸಿದ ವಕೀಲರ ಸಂಸ್ಥೆ ಕಡತ ಶೋಧಿಸಿತು. ಅದೇ ವರ್ಷದ ಜೂನ್‌ನಲ್ಲಿ ಪತ್ರಾಗಾರದಿಂದ ಎರವಲು ಹೋಗಿದ್ದ 2000ದ ಒಂದು ಕಡತ ಹಿಂದಿರುಗಿ ಬಂದೇ ಇರಲಿಲ್ಲ. ವಿಶ್ವಕಪ್ಪನ್ನು ಕೊಂಡುಕೊಂಡರೆನ್ನಲು ಪುರಾವೆ ಸಿಗಲಿಲ್ಲ, ಆದರೆ ಆ ಸಾಧ್ಯತೆಯನ್ನು ತಳ್ಳಿಹಾಕಲೂ ಆಗದು ಎಂದು 2016ರ ವರದಿ ಹೇಳಿತು. ಸಂಬಂಧಪಟ್ಟ ಹಿರಿಯರ ಹೇಳಿಕೆಗಳು ಒಂದಕ್ಕೊಂದು ಹೊಂದಲಿಲ್ಲ.

ಕಾನೂನಿನ ಹಾದಿಯಂತೂ ದೀರ್ಘ. ಸ್ವಿಟ್ಜರ್ಲೆಂಡಿನಲ್ಲಿ 2020ರ ಮಾರ್ಚ್‌ನಲ್ಲಿ ವಿಚಾರಣೆ ಆರಂಭವಾಯಿತು, ಕೊರೋನಾ ಬಂದು ನಿಂತಿತು, ಏಪ್ರಿಲ್‌ನಲ್ಲಿ ಕಾಲಮಿತಿ ಮುಗಿದು ಮೊಕದ್ದಮೆ ತೀರ್ಪಿಲ್ಲದೆ ಬಿದ್ದುಹೋಯಿತು. ಜರ್ಮನಿಯಲ್ಲಿ ಕೆಳಗಿನ ನ್ಯಾಯಾಲಯ ಬೇಡವೆಂದದ್ದನ್ನು ಮೇಲಿನ ನ್ಯಾಯಾಲಯ ನಡೆಸಿ ಎಂದಿತು, ಅದೂ ಒಮ್ಮೆಯಲ್ಲ. ಕೊನೆಗೆ 2024ರ ಮಾರ್ಚ್‌ನಲ್ಲಿ ಫ್ರಾಂಕ್‌ಫರ್ಟ್‌ನಲ್ಲಿ ತೆರಿಗೆ ವಂಚನೆಯ ವಿಚಾರಣೆ ಶುರುವಾದಾಗ ಸಾಲ ಕೊಟ್ಟವರು ತೀರಿಕೊಂಡು ಹದಿನೈದು ವರ್ಷವಾಗುತ್ತಿತ್ತು. ಸಮಿತಿಯ ಅಧ್ಯಕ್ಷರು ಎರಡು ತಿಂಗಳ ಹಿಂದಷ್ಟೇ ಕಣ್ಣು ಮುಚ್ಚಿದ್ದರು. ನಮ್ಮ ಸಂಘಟಕರಿಗೆ ಎಂಬತ್ತೆರಡು. ಆರೋಗ್ಯದ ಕಾರಣ ಅವರ ಪ್ರಕರಣವನ್ನು ಬೇರ್ಪಡಿಸಿದರು. ಮುಂದೆ ಅವರದೂ ಅವರೊಡನೆ ಆರೋಪ ಹೊತ್ತಿದ್ದ ಇನ್ನಿಬ್ಬರದೂ ಪ್ರಕರಣಗಳು ಹಣ ಕಟ್ಟಿಸಿಕೊಂಡು ಮುಕ್ತಾಯವಾದವು. ಅಪರಾಧ ಸಾಬೀತಾಗಲಿಲ್ಲ, ನಿರ್ದೋಷಿಯೆಂಬ ತೀರ್ಪೂ ಬರಲಿಲ್ಲ. ಇದನ್ನು ಓದುಗರು ಎರಡೂ ಬದಿಯಿಂದ ಗಮನಿಸಬೇಕು.

ಅವರ ಪರ ಹೇಳಬಹುದಾದ ಮಾತು ಒಂದಿದೆ, ಅದು ಗಟ್ಟಿಯಾದ ಮಾತೇ. ಅವರು ತಮ್ಮ ಜೇಬು ತುಂಬಿಸಿಕೊಂಡರೆಂದು ಯಾವ ನ್ಯಾಯಾಲಯವೂ ಹೇಳಿಲ್ಲ. ವಿಶ್ವಕಪ್ ಕೈತಪ್ಪದಿರಲಿ, ಬಹಿರಂಗವಾಗಿ ಮುಜುಗರ ಆಗದಿರಲಿ ಎಂಬುದಷ್ಟೇ ಆ ಮೇಲ್ಮಟ್ಟದವರ ಆತಂಕವಾಗಿದ್ದಿರಬಹುದು. ಮರುಕ ಹುಟ್ಟುವುದು ಸಹಜ. ಐದಾರು ವರ್ಷದ ದುಡಿಮೆ ತೀರಕ್ಕೆ ಬರುವ ಹೊತ್ತಿನಲ್ಲಿ ಯಾರೋ ಮಾಡಿದ ಸಾಲದ ಚೀಟಿ ಮೇಜಿನ ಮೇಲೆ ಬಂದು ಕೂತರೆ ಯಾರ ಕೈಯಾದರೂ ನಡುಗುತ್ತದೆ.

ಆದರೂ ಆ ಮಾತು ಪೂರ್ತಿ ನಿಲ್ಲುವುದಿಲ್ಲ. ಅಪ್ರಾಮಾಣಿಕತೆಯನ್ನು ನಾವು ಜೇಬಿನಿಂದ ಮಾತ್ರ ಅಳೆಯುತ್ತೇವೆ. ತಾನು ತಿನ್ನಲಿಲ್ಲ ಎಂದರೆ ಸಾಕು, ಸುಳ್ಳು ಬರೆದವನನ್ನು ಪ್ರಾಮಾಣಿಕರ ಪಟ್ಟಿಗೆ ಸೇರಿಸಿಬಿಡುತ್ತೇವೆ. ಲೆಕ್ಕದ ಪುಸ್ತಕ ಇರುವುದು ಕಳ್ಳನನ್ನು ಹಿಡಿಯಲು ಮಾತ್ರವಲ್ಲ. ಆ ಕೋಣೆಯಲ್ಲಿಲ್ಲದವರಿಗೆ, ಅಂದರೆ ಸದಸ್ಯರಿಗೆ, ತೆರಿಗೆ ಕಟ್ಟುವವರಿಗೆ, ಮುಂದೆ ಆ ಕುರ್ಚಿಯಲ್ಲಿ ಕೂರುವವರಿಗೆ, ಅಲ್ಲಿ ಏನಾಯಿತೆಂದು ತಿಳಿಸುವ ಸಾಧನ ಅದೊಂದೇ. 67 ಲಕ್ಷವನ್ನು ‘ಸಮಾರಂಭ’ ಎಂದು ಬರೆದಾಗ ಕೆಲವರು ಸೇರಿ ಉಳಿದವರೆಲ್ಲರ ಪರವಾಗಿ ನಿರ್ಧಾರ ಮಾಡಿಬಿಟ್ಟರು: ಇದು ನಿಮಗೆ ತಿಳಿಯಬೇಕಾಗಿಲ್ಲ.

ಇನ್ನೊಂದು ಸಂಗತಿ ನನ್ನನ್ನು ಹೆಚ್ಚು ಕಾಡುತ್ತದೆ. ಆ ಗುಂಪಿನಲ್ಲಿ ಒಬ್ಬರು, ‘ಸಾಲವೆಂದೇ ಬರೆಯೋಣ, ಯಾಕೆ ಕೊಟ್ಟೆವೆಂದು ಕೇಳಿದರೆ ಹೇಳೋಣ’ ಎಂದಿದ್ದರೆ ಏನಾಗುತ್ತಿತ್ತು? ಒಂದು ವಾರ ಪತ್ರಿಕೆಗಳಲ್ಲಿ ಗದ್ದಲ, ಬಹುಶಃ ಒಂದೆರಡು ರಾಜೀನಾಮೆ. ವಿಶ್ವಕಪ್ ನಡೆದೇ ನಡೆಯುತ್ತಿತ್ತು. ಸಮರ್ಥರಿಗೆ ಈ ಮಾತು ಹೊಳೆಯದಿರಲು ಕಾರಣ ಅವರ ಸಾಮರ್ಥ್ಯವೇ ಇರಬೇಕು. ಎಲ್ಲ ಅಡ್ಡಿಯನ್ನೂ ಸದ್ದಿಲ್ಲದೆ ನಿವಾರಿಸಿ ಅಭ್ಯಾಸವಾದವರಿಗೆ ಸತ್ಯವೂ ಒಂದು ಅಡ್ಡಿಯಂತೆ ಕಾಣತೊಡಗುತ್ತದೆ. ನಮ್ಮಲ್ಲೂ ಇಂಥವರನ್ನು ‘ಹೇಗಾದರೂ ಮಾಡಿ ಮುಗಿಸುತ್ತಾರೆ’ ಎಂದು ಹೊಗಳುತ್ತೇವೆ. ಆ ‘ಹೇಗಾದರೂ’ ಏನೆಂದು ಕೇಳಲು ಹೋಗುವುದಿಲ್ಲ. ಜಾತ್ರೆ ಚೆನ್ನಾಗಿ ಆಯಿತಲ್ಲ, ಬಿಲ್ ಹೊಂದಿಸಿಕೊಳ್ಳಿ ಎನ್ನುತ್ತೇವೆ. ಹಾಗೆಂದವರು ಶಿಕ್ಷೆಯಿಲ್ಲದೆ ಮನೆಗೆ ಹೋಗುತ್ತಾರೆ. ಸಹಿ ಹಾಕಿದವರ ಇಳಿವಯಸ್ಸು ಕೋರ್ಟಿನ ಬಾಗಿಲಲ್ಲಿ ಕಳೆಯುತ್ತದೆ.

ನನ್ನ ತೀರ್ಮಾನ ಇಷ್ಟು. ಆ ಸಂಘಟಕರ ದುಡಿಮೆಯನ್ನು ಈ ಒಂದು ನಮೂದಿನಿಂದ ಅಳಿಸಿಹಾಕುವುದು ಅನ್ಯಾಯ. ಆ ದುಡಿಮೆಯನ್ನು ಮುಂದೆ ಹಿಡಿದು ಈ ನಮೂದನ್ನು ಮುಚ್ಚುವುದು ಅದಕ್ಕಿಂತ ದೊಡ್ಡ ಅನ್ಯಾಯ, ಯಾಕೆಂದರೆ ಅದರಿಂದ ಮುಂದಿನವರೂ ಅದನ್ನೇ ಕಲಿಯುತ್ತಾರೆ.

2025ರ ಜೂನ್‌ನಲ್ಲಿ ಫ್ರಾಂಕ್‌ಫರ್ಟ್ ನ್ಯಾಯಾಲಯದ ತೀರ್ಪು ಬಂದಾಗ ಕಟಕಟೆಯಲ್ಲಿ ಉಳಿದಿದ್ದದ್ದು ಒಕ್ಕೂಟವೊಂದೇ. ಸುಮಾರು 27 ಲಕ್ಷ ಯೂರೊ ತೆರಿಗೆ ತಪ್ಪಿಸಿದ್ದು ರುಜುವಾತಾಯಿತು. 1,30,000 ಯೂರೊ ದಂಡ. ಮೊಕದ್ದಮೆ ಇಷ್ಟು ಎಳೆದದ್ದಕ್ಕಾಗಿ ಅದರಲ್ಲಿ 20,000 ಮಾಫಿ ಆಯಿತು.