ಕೇಳುವವರಿಲ್ಲದ ನ್ಯಾಸ

ಐಹೊಳೆಯ ಮೇಗುತಿ ಗುಡ್ಡವನ್ನು ಏರುವ ಶ್ರಾವಕರ ಲಕ್ಷ್ಯವೆಲ್ಲ ನೆತ್ತಿಯ ಮೇಲಿನ ಜಿನಾಲಯದಲ್ಲಿಯೇ ನೆಟ್ಟಿರುತ್ತದೆ. ಅದು ಸಹಜವೂ ಹೌದು. ಶಕ ವರ್ಷ 556ರಲ್ಲಿ, ಎಂದರೆ ಕ್ರಿ.ಶ. 634-35ರಲ್ಲಿ, ರವಿಕೀರ್ತಿಯು ಕಟ್ಟಿಸಿದ ಆ ಬಸದಿಯ ಗೋಡೆಯ ಮೇಲೆ ಇಮ್ಮಡಿ ಪುಲಕೇಶಿಯು ಹರ್ಷನನ್ನು ತಡೆದ ವೃತ್ತಾಂತವಿದೆ. ಕವಿಯು ತನ್ನನ್ನು ಕಾಳಿದಾಸ, ಭಾರವಿಗಳಿಗೆ ಹೋಲಿಸಿಕೊಂಡದ್ದೂ ಇದೆ. (ವಿನಯವು ಆತನ ಪ್ರಧಾನ ಗುಣವಾಗಿರಲಿಲ್ಲವೆಂದು ತೋರುತ್ತದೆ.) ಆದರೆ ನೆತ್ತಿಯನ್ನು ಮುಟ್ಟುವ ಮೊದಲೇ ಇಳಿಜಾರಿನಲ್ಲಿ ಎರಡಂತಸ್ತಿನ ಇನ್ನೊಂದು ಗುಡಿಯಿದೆ. ಒಂದಿಷ್ಟು ಬಂಡೆಯಲ್ಲಿ ಕೊರೆದದ್ದು, ಉಳಿದದ್ದು ಕಲ್ಲಿನಿಂದ ಕಟ್ಟಿದ್ದು. ಅದು ಬೌದ್ಧರದು, ಸುಮಾರು ಆರನೆಯ ಶತಮಾನದ್ದೆಂದು ವಿದ್ವಾಂಸರ ಅಭಿಪ್ರಾಯ.

ಬಹಳ ವರ್ಷಗಳ ಹಿಂದೆ ಸಾವಳಗಿಯಿಂದ ಕೆಲವು ಹುಡುಗರನ್ನು ಅಲ್ಲಿಗೆ ಕರೆದೊಯ್ದಿದ್ದೆ. ಒಬ್ಬನು, "ಕಾಕಾ, ಇದು ಯಾರ ಗುಡಿರೀ?" ಎಂದು ಕೇಳಿದ. "ಇದೂ ನಮ್ಮದೇ, ನಡೀರಿ" ಎಂದುಬಿಟ್ಟೆ. ಬಿಸಿಲೇರುತ್ತಿತ್ತೆಂಬುದೊಂದೇ ಕಾರಣವಲ್ಲ, ಗುಡ್ಡವೆಲ್ಲ ನಮ್ಮದೆನಿಸಲಿ ಎಂಬ ಆಸೆಯೂ ಇತ್ತು. ಮುಂದೊಮ್ಮೆ ಒಬ್ಬನೇ ಹೋದಾಗ ನಿಂತು ನೋಡಿದೆ. ಮೇಲಂತಸ್ತಿನ ಪಡಸಾಲೆಯ ಛತ್ತಿನಲ್ಲಿ ಬುದ್ಧನ ಉಬ್ಬುಶಿಲ್ಪ. ತಲೆಯಿಲ್ಲದ ಬುದ್ಧವಿಗ್ರಹವೊಂದೂ ಅಲ್ಲಿದೆ. ಚೀವರಧಾರಿಯನ್ನು ನಾನು ದಿಗಂಬರನೆಂದು ಹೇಳಿದ್ದೆ!

ಸತ್ಯಾಣುವ್ರತದ ಐದು ಅತಿಚಾರಗಳಲ್ಲಿ ನ್ಯಾಸಾಪಹಾರವೂ ಒಂದು. ನಂಬಿ ಇಟ್ಟವನು ಮೊತ್ತವನ್ನು ಮರೆತು ಕಡಿಮೆ ಕೇಳಿದರೆ, "ಹೌದು, ಅಷ್ಟೇ" ಎಂದು ಅಷ್ಟನ್ನೇ ಕೊಟ್ಟು ಸುಮ್ಮನಾಗುವುದು. ವ್ಯಾಪಾರಿಯಾದ ನನಗೆ ಇದು ಚೆನ್ನಾಗಿ ತಿಳಿದ ಪಾಪ. ಆದರೆ ಇಟ್ಟವನು ಬರುವುದೇ ಇಲ್ಲವಾದರೆ? ಸುಮಾರು ಕ್ರಿ.ಶ. 641ರಲ್ಲಿ ಪುಲಕೇಶಿಯ ರಾಜ್ಯಕ್ಕೆ ಬಂದ ಹ್ಯೂಯೆನ್‌ತ್ಸಾಂಗನು ಅಲ್ಲಿ ನೂರರಷ್ಟು ವಿಹಾರಗಳಿದ್ದವೆಂದು ಬರೆದಿದ್ದಾನೆ. ಆ ಭಿಕ್ಷುಗಳ ಪರಂಪರೆ ಈ ಗುಡ್ಡದಲ್ಲಿ ಉಳಿಯಲಿಲ್ಲ. ಕೇಳುವವರಿಲ್ಲವೆಂದ ಮಾತ್ರಕ್ಕೆ ನ್ಯಾಸವು ಇಟ್ಟುಕೊಂಡವನದಾಗುವುದೇ?

ಈ ಮಾತೆತ್ತಿದಾಗ ಸಧರ್ಮಿ ಮಿತ್ರರೊಬ್ಬರು, "ಅಕಲಂಕ-ನಿಷ್ಕಲಂಕರ ಕಥೆಯನ್ನು ಮರೆತಿರೇನು?" ಎಂದರು. ಮರೆತಿಲ್ಲ. ನಿಷ್ಕಲಂಕನು ಬೌದ್ಧರ ಕೈಯಲ್ಲಿ ಹತನಾದನೆಂಬ ಆ ಕಥೆಯನ್ನು ಬಾಲ್ಯದಲ್ಲಿ ಅಳುತ್ತ ಕೇಳಿದವನು ನಾನು. ಆದರೆ ಹಳೆಯ ಬಾಕಿಯನ್ನು ಒಬ್ಬನು ನಂಬಿ ಇಟ್ಟ ಗಂಟಿನಲ್ಲಿ ವಜಾ ಮಾಡಿಕೊಳ್ಳುವುದು ಯಾವ ಪೇಟೆಯ ನ್ಯಾಯ? ಮೇಗುತಿಯ ಅಂಬಿಕೆಯ ವಿಗ್ರಹವೂ ಇಂದು ಐಹೊಳೆಯ ವಸ್ತುಸಂಗ್ರಹಾಲಯದಲ್ಲಿದೆ. ಅದರ ಮುಂದೆ ನಿಂತು ಅನ್ಯರೊಬ್ಬರು ತಮ್ಮ ಮಕ್ಕಳಿಗೆ "ಇದು ನಮ್ಮ ದೇವಿ" ಎಂದರೆ ನಮಗೆ ಏನೆನಿಸೀತು? ಎರಡೂ ಗುಡಿಗಳ ಕಲ್ಲುಗಳನ್ನು ಪುರಾತತ್ತ್ವ ಇಲಾಖೆ ಕಾಯುತ್ತಿದೆ. ಹೆಸರನ್ನು ಕಾಯುವುದು ದಾರಿ ತೋರಿಸುವವರ ಕೆಲಸ.

ಅಂದು ಪ್ರಶ್ನೆ ಕೇಳಿದ ಹುಡುಗ ಈಗ ಸಂಸಾರಸ್ಥ. ಕಳೆದ ದೀಪಾವಳಿಯಲ್ಲಿ ಭೇಟಿಯಾದಾಗ ನನ್ನ ತಪ್ಪನ್ನು ಹೇಳಿಕೊಂಡೆ. ಆತ ಸ್ವಲ್ಪ ಹೊತ್ತು ಸುಮ್ಮನಿದ್ದು, "ಕಾಕಾ, ಹೋದ ವರ್ಷ ನನ್ನ ಮಗನಿಗೂ ನಾನು ಹಂಗೇ ಹೇಳೇನಿ" ಎಂದ.